ಎದ್ದು ಹಾಡದ ರಾಜ

ನಮ್ಮ ನಾಟಕದ ಮಾಸ್ತರರ ಕಿವಿಯ ಹಿಂದೆ, ವೇಷಕ್ಕೆ ಮುಖಕ್ಕೆ ಬಳಿಯುವ ಅರದಾಳದ ಹಳದಿ ಬಣ್ಣ ಎಂದೂ ಪೂರ್ತಿ ಹೋಗುತ್ತಿರಲಿಲ್ಲ. ಬಳ್ಳಾರಿಯ ಬಿಸಿಲಿಗೆ ಬೆವರು ಇಳಿದರೆ ಅದು ಅಂಗಿಯ ಕೊರಳಪಟ್ಟಿಗೂ ಹತ್ತುತ್ತಿತ್ತು. ಒಗೆದು ಒಗೆದು ಸೋತ ಅವರ ಹೆಂಡತಿ, ಅಂಗಿಗೆಲ್ಲ ಹಳದಿಯನ್ನೇ ಹಾಕಿಸಿಬಿಡುತ್ತೇನೆ ಎನ್ನುತ್ತಿದ್ದರು.

ನಾಟಕ ಬರೆಯುವವರೂ ಅವರೇ, ಕಲಿಸುವವರೂ ಅವರೇ, ರಾಜನಾಗಿ ನಿಲ್ಲುವವರೂ ಅವರೇ. ತೆಲುಗು ನಾಟಕಕ್ಕೆ, ಪಾರ್ಸಿ ಕಂಪನಿಗಳ ಉರ್ದು ನಾಟಕಕ್ಕೆ ಜನ ಮುಗಿಬೀಳುತ್ತಿದ್ದ ಕಾಲ ಅದು. ಇವರು ಯಾವ ಕಂಪನಿಯ ಹಂಗಿಗೂ ಬೀಳದೆ, ನಮ್ಮಂಥ ಏಳೆಂಟು ಜನರನ್ನು ಕಟ್ಟಿಕೊಂಡು, ಎತ್ತಿನ ಗಾಡಿಯಲ್ಲಿ ಊರೂರು ಸುತ್ತಿ ಕನ್ನಡ ನಾಟಕ ಆಡಿಸಿದರು. ಕಚೇರಿಯಲ್ಲಿ ಗುಮಾಸ್ತನಾಗಿದ್ದ ನಾನು ಅವರ ರಾಣಿ. ಬೀದಿಯಲ್ಲಿ ಸಿಕ್ಕರೂ "ಏನ್ ರಾಣಿ, ಊಟ ಆತೇನು?" ಎಂದು ನಾಲ್ಕು ಜನರೆದುರು ನನ್ನ ಮಾನ ಕಳೆಯುತ್ತಿದ್ದರು.

ರಾಜ ಸತ್ತಾಗ ಅಳುವುದು ನನಗೆ ಬರುತ್ತಿರಲಿಲ್ಲ. ಎದೆ ಬಡಿದುಕೊಂಡು ಬರೀ ಕೂಗುತ್ತಿದ್ದೆ. "ಮೊದಲು ಸುಮ್ನ ಕುಂದ್ರು. ಹೋದಾವನ ಮಾರಿ ನೋಡು. ಅಳು ತಾನ ಬರ್ತೈತಿ," ಎಂದು ಮಾಸ್ತರರು ತಿದ್ದಿದರು.

ಆಗೆಲ್ಲ ಹಾಡು ಹಿಡಿಸಿದರೆ ಜನ "ವನ್ಸ್ ಮೋರ್" ಎಂದು ಕೂಗುವ ರೂಢಿ. ಸತ್ತ ರಾಜ ಎದ್ದು ಕೂತು, ಅದೇ ಹಾಡು ಹಾಡಿ, ಮತ್ತೆ ಸಾಯಬೇಕು. ಕುರುಗೋಡಿನಲ್ಲಿ ಮಾಸ್ತರರು ಹಾಡಿ ಪ್ರಾಣಬಿಟ್ಟಾಗ ಕೂಗು ಎದ್ದಿತು. ಮುಂದೆ ಕೂತಿದ್ದ ಸಾಹುಕಾರರೂ ಕೂಗಿದರು. ನಮಗೆ ಊಟ, ಬಿಡಾರ ಕೊಟ್ಟವರು ಅವರು. ಸಿರುಗುಪ್ಪದಲ್ಲಿ ಮುಂದಿನ ಆಟ ಗೊತ್ತುಮಾಡಿದ್ದವರೂ ಅವರೇ. ನಾನು ಸೆರಗಿನ ಮರೆಯಲ್ಲಿ "ಏಳ್ರಿ, ಮಾಸ್ತರ" ಎಂದೆ. ಅವರು ಅಲುಗಲಿಲ್ಲ. ಕೊನೆಗೆ ಪರದೆ ಬಿಡಬೇಕಾಯಿತು.

ಸಾಹುಕಾರರು ಒಳಗೆ ಬಂದು ಕೆಂಡ ಕಾರಿದರು. "ಇನ್ನೊಂದು ಸಲ ಹಾಡಿದ್ರ ನಿಮ್ಮ ಗಂಟೇನ್ ಹೋಗ್ತಿತ್ರಿ?"

"ಮುಂದ ಕುಂತ ಮುದುಕಿ ಬಾಯಿಗೆ ಸೆರಗು ಹಚ್ಚಿ ಅಳಾಕತ್ತಿದ್ಲು," ಎಂದರು ಮಾಸ್ತರರು. "ನಾ ಎದ್ದು ಕುಂತಿದ್ರ ಆಕಿಗೆ ಮೋಸ ಮಾಡಿದಂಗ ಆಗ್ತಿತ್ರಿ."

ಸಿರುಗುಪ್ಪದ ಆಟ ತಪ್ಪಿತು. ಮೇಳ ಒಡೆದು ಅರ್ಧ ಜನ ತೆಲುಗು ನಾಟಕಕ್ಕೆ ಹೋದರು. ಹಟಮಾರಿ ಎಂದು ನನಗೂ ಸಿಟ್ಟು ಬಂದಿತ್ತು, ಆದರೆ ಬಿಟ್ಟುಹೋಗಲು ಮನಸ್ಸಾಗಲಿಲ್ಲ. ಉಳಿದವರೇ ಸಣ್ಣಪುಟ್ಟ ಹಳ್ಳಿಗಳಲ್ಲಿ ಆಡಿದೆವು. ಅಲ್ಲಿಯೂ ಅವರು ಒಮ್ಮೆಯೂ ಎದ್ದು ಹಾಡಲಿಲ್ಲ.

ಕೊನೆಯ ಕಾಯಿಲೆಯಲ್ಲಿ ನೋಡಲು ಹೋದೆ. ಎದೆ ತುಂಬ ಕಫ, ಮಾತೇ ಕಷ್ಟ. ನನ್ನನ್ನು ಕಂಡು ರಾಜನ ಆ ಹಾಡಿನ ಎರಡು ಸಾಲನ್ನು ತಡೆತಡೆದು ಹಾಡಿದರು. ಕುರುಗೋಡಿನ ನಂತರ ಇನ್ನೊಮ್ಮೆ ಹಾಡಿ ಎಂದು ಎಂದೂ ಕೇಳದವನು ಅಂದು ಕೇಳಿಬಿಟ್ಟೆ.

"ವನ್ಸ್ ಮೋರ್, ಮಾಸ್ತರ."

ಅವರು ನಕ್ಕರು. "ಆಗಂಗಿಲ್ಲ, ರಾಣಿ," ಎಂದು ಕಣ್ಣು ಮುಚ್ಚಿದರು.

ಸಂಜೆಗೆ ಹೋಗಿಬಿಟ್ಟರು. ಮನೆಯವರೆಲ್ಲ ಗೋಳಾಡುತ್ತಿದ್ದರು. ನಾನು ಸುಮ್ಮನೆ ಕೂತೆ. ಅವರ ಮುಖ ನೋಡಿದೆ. ಕಿವಿಯ ಹಿಂದೆ ಮಾಸಲು ಹಳದಿ ಇನ್ನೂ ಇತ್ತು. ಅಳು ತಾನಾಗಿ ಬಂತು.