ಪೂರ್ವಕ್ಕೆ ತೆರೆದ ಹತ್ತು ಬಾಗಿಲುಗಳು

ನಿನ್ನೆ ಗೋಂದು ಹುಡುಕುತ್ತ ಶೆಡ್ಡಿನ ಹಲಗೆಯ ಮೇಲಿಂದ ಬಿಸ್ಕತ್ತಿನ ತಗಡಿನ ಡಬ್ಬಿಯೊಂದನ್ನು ಇಳಿಸಿದೆ. ಮುಚ್ಚಳ ತೆಗೆದದ್ದೇ ತಡ, ಪೈನ್ ಮರದ ವಾಸನೆ. ಒಳಗೆ ಬೆಂಕಿಪೊಟ್ಟಣದಷ್ಟೂ ದೊಡ್ಡದಲ್ಲದ ಹತ್ತು ಬಾಗಿಲುಗಳು, ಒಂದೊಂದಕ್ಕೂ ಹೊಸ್ತಿಲು. ತಳದಲ್ಲಿ ಮಡಿಚಿಟ್ಟ ಒಂದು ಚೀಟಿ. ಚೀಟಿ ಕಂಡ ಕೂಡಲೇ ಡಬ್ಬಿ ಮುಚ್ಚಿಬಿಡೋಣ ಎನಿಸಿತು. ಯಾಕೆಂದು ಹೇಳುತ್ತೇನೆ, ಸ್ವಲ್ಪ ಕೂತುಕೊಳ್ಳಿ.

ನಾನು ಬಡಗಿ. ಏಳನೇ ಕ್ಲಾಸಿಗೆ ಶಾಲೆ ಬಿಟ್ಟು ಉಳಿ ಹಿಡಿದವನು. ಹೆಂಡತಿಗೆ ಐರ್ಲೆಂಡಿನ ಕಾರ್ಕಿನಲ್ಲಿ ನರ್ಸ್ ಕೆಲಸ ಸಿಕ್ಕಿತು. ಅವಳ ಹಿಂದೆಯೇ ಬಂದು ಊರ ಪಕ್ಕದ ಲಿಟಲ್ ಐಲ್ಯಾಂಡಿನ ಒಂದು ವರ್ಕ್‌ಶಾಪ್ ಸೇರಿದೆ. ನನ್ನ ಕೈಕೆಲಸದ ಬಗ್ಗೆ ನನಗೆ ಜಂಬವಿದೆ, ಅದನ್ನು ಮುಚ್ಚಿಡುವುದಿಲ್ಲ. ಮುಚ್ಚಿಟ್ಟದ್ದು ಬೇರೆ. ಅಚ್ಚಿನ ಇಂಗ್ಲಿಷನ್ನು ಹೇಗೋ ಕೂಡಿಸಿ ಓದುತ್ತೇನೆ. ಕೈಬರಹ ಮಾತ್ರ ನನ್ನ ಕಣ್ಣಿಗೆ ಸಿಕ್ಕುಬಿದ್ದ ನೂಲು. ಯಾರಾದರೂ ಚೀಟಿ ಕೊಟ್ಟರೆ ಗಂಭೀರವಾಗಿ ನೋಡಿ, ಎಲ್ಲ ಸರಿ ಎನ್ನಲು ಇಲ್ಲಿಯವರು ಹೇಳುವ ಹಾಗೆ “ಗ್ರ್ಯಾಂಡ್, ಗ್ರ್ಯಾಂಡ್” ಎಂದು ಜೇಬಿಗಿಳಿಸುವುದು ನನ್ನ ಪದ್ಧತಿ. ಮಗಳೆದುರಂತೂ ಒಮ್ಮೆಯೂ ಒಪ್ಪಿಕೊಂಡವನಲ್ಲ.

ಕೊರೊನಾ ಬಂತು, ವರ್ಕ್‌ಶಾಪ್ ಮುಚ್ಚಿತು. ಹೆಂಡತಿ ಆಸ್ಪತ್ರೆಗೆ ಹೋಗುವಳು, ನಾನು ಹಿತ್ತಲಲ್ಲಿ ಸುತ್ತುವೆ. ಬೇಲಿಯಾಚೆಯ ಮನೆಯಲ್ಲಿ ಜೋ ಎಂಬ ಮುದುಕರಿದ್ದರು. ಅಮೆರಿಕದವರು, ಐರಿಷ್ ಹೆಂಡತಿ ತೀರಿಕೊಂಡ ಮೇಲೂ ಇಲ್ಲೇ ಉಳಿದವರು. ಹಿತ್ತಲಿನ ಮೇಜಿನ ಮೇಲೆ ತಾವು ಹುಟ್ಟಿದ ಊರಿನ ಮಾದರಿಯನ್ನು ಕಟ್ಟುತ್ತಿದ್ದರು. ಬಟ್ಟಬಯಲಲ್ಲಿ, ಅವರ ಮುತ್ತಜ್ಜನ ಕಾಲದಲ್ಲಿ, ಯುರೋಪಿನಿಂದ ಹನ್ನೊಂದು ಚೆಕ್ ಕುಟುಂಬಗಳು ಬಂದಿಳಿದು ಮಾಡಿದ ಊರಂತೆ. ಮಾದರಿಯನ್ನು ಅಲ್ಲಿನ ಶಾಲೆಗೆ ಕೊಡಬೇಕೆಂದು ಅವರ ಆಸೆ. ಆದರೆ ಅವರ ಕೈ ನಡುಗುತ್ತಿತ್ತು, ಗರಗಸ ಹಲಗೆಯನ್ನು ಹರಿಯುತ್ತಿತ್ತು. ನನಗೆ ನೋಡಲಾಗಲಿಲ್ಲ.

“ಇಲ್ಲಿ ಕೊಡಿ ಸಾರ್, ಮರ ಅಳ್ತಾ ಇದೆ,” ಎಂದೆ. ಅವರ ಇಂಗ್ಲಿಷನ್ನೂ ನನ್ನ ಹರಕು ಇಂಗ್ಲಿಷನ್ನೂ ಕನ್ನಡದಲ್ಲೇ ಬರೆಯುತ್ತಿದ್ದೇನೆ, ಕ್ಷಮಿಸಿ.

ಬೇಲಿಯ ಮೇಲಿಂದ ಹಲಗೆಗಳು ಬಂದವು. ಒಂದೊಂದು ಮನೆಗೆ ಒಂದೊಂದು ಚೀಟಿಯೂ ಬಂತು. ಎಲ್ಲಕ್ಕೂ ಗ್ರ್ಯಾಂಡ್ ಎಂದೆ.

“ಏನ್ರೀ, ನಮ್ಮ ಬೀರು ಬಾಗಿಲು ಮುರಿದು ವರ್ಷ ಆಯ್ತು. ನೀವು ಅಮೆರಿಕದಲ್ಲಿ ಊರು ಕಟ್ತಿದೀರಾ?” ಎಂದಳು ಹೆಂಡತಿ.

ಎರಡು ವಾರಕ್ಕೆ ಹನ್ನೊಂದು ಮನೆಗಳೂ ಸಿದ್ಧವಾದವು. ಜೋ ಅವನ್ನು ನಕ್ಷೆಯಲ್ಲಿ ಗೀಚಿದ್ದ ಉದ್ದಗಲಕ್ಕೆ ಸರಿಯಾಗಿ ಸಾಲಾಗಿ ಇಟ್ಟರು. ಆಮೇಲೆ ಟೋಪಿ ತೆಗೆದರು.

“ಏನಯ್ಯಾ, ರಸ್ತೆ ದಕ್ಷಿಣಕ್ಕಿದೆ. ನಮ್ಮ ಜನರೆಲ್ಲ ಪಕ್ಕದ ಮನೆ ಗೋಡೆಗೆ ಮುಖ ಮಾಡಿ ಕೂತಿದ್ದಾರಲ್ಲ! ಚೀಟಿಲಿ ಬರೆದಿದ್ದೆನಲ್ಲ?”

“ನಮ್ಮಲ್ಲಿ ಬಾಗಿಲು ಪೂರ್ವಕ್ಕೇ ಸಾರ್. ಬೆಳಗಿನ ಬಿಸಿಲು ಒಳಗೆ ಬರಬೇಕು,” ಎಂದೆ, ಎದೆ ಮುಂದೆ ಮಾಡಿ. ಸುಳ್ಳಲ್ಲ. ಆದರೆ ನಿಜವೂ ಅದಲ್ಲ. ಕಿವಿ ಬಿಸಿಯಾಗಿತ್ತು.

ಅವರು ನನ್ನ ಮುಖ ನೋಡಿ, ಚೀಟಿಗಳನ್ನೆಲ್ಲ ವಾಪಸ್ ಕೇಳಿ ತೆಗೆದುಕೊಂಡರು. ಆಮೇಲೆ ಕೊನೆಯ ಮನೆಯನ್ನು ಮುಟ್ಟಿದರು. “ಹನ್ನೊಂದರಲ್ಲಿ ಒಂದು ಸರಿಯಾಗಿದೆ. ಇದು ನಮ್ಮ ಮುತ್ತಜ್ಜಿಯದು.”

ಮರುದಿನದಿಂದ ನಾಲ್ಕು ಗಂಟೆಗೆ ಬೇಲಿಯ ಪಕ್ಕ ಕುರ್ಚಿ ಹಾಕಿಕೊಂಡು, “ಕೇಳು, ಓದ್ತೀನಿ. ಮಾತಾಡದೆ ಗಂಟಲು ತುಕ್ಕು ಹಿಡಿದಿದೆ,” ಎಂದು ಒಂದೊಂದೇ ಚೀಟಿ ಓದತೊಡಗಿದರು. ಕೇಳುತ್ತ ಕೇಳುತ್ತ ನಾನು ಹತ್ತು ಬಾಗಿಲು ಕಿತ್ತು ದಕ್ಷಿಣಕ್ಕೆ ಹೊಸವನ್ನು ಕೂರಿಸಿದೆ. ಮರವೇ ಇಲ್ಲದ ಬಯಲಾದ್ದರಿಂದ ಮೊದಲ ಮನೆಗಳನ್ನು ಹುಲ್ಲುಮಣ್ಣಿನ ಹೆಂಟೆ ಕಡಿದು ಕಟ್ಟಿದರಂತೆ. ಚರ್ಚಿಗಿಂತ ಮೊದಲು ವಾದ್ಯ ಬಾರಿಸಿ ಕುಣಿಯಲು ಒಂದು ಹಾಲ್ ಎಬ್ಬಿಸಿದರಂತೆ. ಮರದ ಮನೆಗಳಾದ ಮೇಲೆ ರೈಲುಹಳಿ ಎರಡು ಮೈಲಿ ಆಚೆ ಹಾದುಹೋಯಿತು. ಇವರು ಹೆದರಲಿಲ್ಲ, ಮನೆಗಳನ್ನೇ ದಿಮ್ಮಿಗಳ ಮೇಲೇರಿಸಿ ಕುದುರೆ ಕಟ್ಟಿ ರೈಲಿನ ಹತ್ತಿರಕ್ಕೆ ಎಳೆದರು! ಮುತ್ತಜ್ಜಿಯ ಮನೆ ಬಂದದ್ದು ಕೊನೆಗೆ. ಕುದುರೆಗಳು ಸೋತು ಅಡ್ಡಡ್ಡ ನಿಂತವು, ಮನೆಯ ಬಾಗಿಲು ಪೂರ್ವಕ್ಕಾಯಿತು. ನಾಳೆ ತಿರುಗಿಸೋಣ ಎಂದರು ಗಂಡಸರು. ಬೆಳಿಗ್ಗೆ ಅಡುಗೆಮನೆಗೆ ಬಿಸಿಲು ಬಿತ್ತು. “ಮುಟ್ಟಿದರೆ ನೋಡಿ,” ಎಂದಳಂತೆ ಮುತ್ತಜ್ಜಿ.

ಓಡಾಟ ಸಲೀಸಾದ ಮೇಲೆ ಅವರ ಮಗ ಬಂದು ಜೋ ಅವರನ್ನೂ ಅವರ ಊರನ್ನೂ ಅಮೆರಿಕಕ್ಕೆ ಕರೆದುಕೊಂಡು ಹೋದ. ಹೊರಡುವ ದಿನ ಬೇಲಿಯ ಮೇಲಿಂದ ಇನ್ನೊಂದು ಚೀಟಿ ಕೊಟ್ಟರು. ಇದನ್ನು ಓದಿ ಹೇಳಲಿಲ್ಲ. ನಾನೂ ಕೇಳಲಿಲ್ಲ. ಗ್ರ್ಯಾಂಡ್ ಎಂದೆ. ಅದು ಡಬ್ಬಿ ಸೇರಿತು.

ನಿನ್ನೆ ಮಗಳು ಶೆಡ್ಡಿಗೆ ಬಂದವಳು ಬಾಗಿಲುಗಳನ್ನು ಹರಡಿಕೊಂಡು ಕೂತಳು. ಚೀಟಿ ಎತ್ತಿ, “ವಾಟ್ಸ್ ದಿಸ್, ಅಪ್ಪಾ?” ಎಂದಳು. ಹಳೇ ಲೆಕ್ಕ ಎನ್ನಲು ಬಾಯಿ ತೆರೆದೆ. ಬಂದ ಮಾತು ಬೇರೆ.

“ಈ ಅಕ್ಷರ ನಂಗೆ ಓದಕ್ಕೆ ಬರಲ್ಲ ಮಗಳೇ. ಯಾವತ್ತೂ ಬರ್ತಿರಲಿಲ್ಲ. ನೀನೇ ಓದು.”

ಅವಳು ನಗಲಿಲ್ಲ. ಓದಿದಳು: “ಹನ್ನೆರಡನೆಯ ಮನೆ. ಬೇಲಿಯಾಚೆ. ಬಡಗಿ. ಚೆನ್ನಾಗಿ ಕೇಳಿಸಿಕೊಳ್ಳುತ್ತಾನೆ. ಬಾಗಿಲು ಪೂರ್ವಕ್ಕೆ.”

ಆಮೇಲೆ ತಲೆಯೆತ್ತಿ, “ಬಟ್ ಅಪ್ಪಾ, ಅವರ್ ಡೋರ್ ಫೇಸಸ್ ವೆಸ್ಟ್!” ಎಂದಳು.

ರಸ್ತೆಯ ಬಾಗಿಲೇನೋ ಪಶ್ಚಿಮಕ್ಕೇ. ಆದರೆ ಜೋ ಆ ಕಡೆಯಿಂದ ನಮ್ಮ ಮನೆಯನ್ನು ಒಮ್ಮೆಯೂ ನೋಡಿದವರಲ್ಲ. ಎದ್ದು ಹೋಗಿ, ಬೇಲಿಯತ್ತ ಪೂರ್ವಕ್ಕಿರುವ ಹಿತ್ತಲ ಬಾಗಿಲನ್ನು ಪೂರ್ತಿ ತೆರೆದಿಟ್ಟೆ.