ಬೆಳಕಿಂಡಿ ಮುಚ್ಚಿದವನು

ಹೋದ ವಾರ ಔರಾದದಿಂದ ಬರುವಾಗ, ಬಸ್ಸಿನಲ್ಲಿ ಪಕ್ಕದವರ ವಾರಪತ್ರಿಕೆಯಲ್ಲಿ ನನ್ನ ಗೆಳೆಯ ಕರೀಮನ ಫೋಟೋ ಕಂಡಿತು. ಹೊಟ್ಟೆ ಉರಿಯಿತು. ತಿಂದ ಮಿರ್ಚಿ ಭಜಿಯದೋ ಏನೋ ಎಂದು ಹೆದರಿದೆ. ಎದೆ ಬಡಿದುಕೊಂಡರೂ ಹೆದರುವವನು, ಸುಮ್ಮನಿದ್ದರೆ ಇನ್ನಷ್ಟು ಹೆದರುವವನು ನಾನು. ಬೀದರ ಬರುವಷ್ಟರಲ್ಲಿ ಅದು ಅಸೂಯೆಯೆಂದು ಖಚಿತವಾಯಿತು.

ಪತ್ರಿಕೆ ಬರೆದಿತ್ತು: ಈ ಕ್ಯಾಮೆರಾಮನ್ ದೀಪ ಹಚ್ಚುವುದಿಲ್ಲ; ಕತ್ತಲೆ ಕೋಣೆ, ಮೇಲಿನಿಂದ ಒಂದೇ ಗೆರೆ ಬೆಳಕು, ಅದರಲ್ಲೊಂದು ಮುಖ. ನಿಮ್ಮೊಬ್ಬರಿಗೇ ಹೇಳುತ್ತೇನೆ, ಆ ಬೆಳಕು ಭಾಲ್ಕಿಯ ನಮ್ಮ ಮನೆಯದು.

ಹೈದರಾಬಾದ್ ಸಂಸ್ಥಾನಕ್ಕೆ ಭಾರತದ ಸೈನ್ಯ ನುಗ್ಗಿ ಪೊಲೀಸ್ ಆ್ಯಕ್ಷನ್ ಆದ ದಿನಗಳು. ಮುಸಲ್ಮಾನರ ಮನೆಗಳ ಮೇಲೆ ಜನ ಏರಿಹೋಗುತ್ತಿದ್ದಾಗ, ಸಹಪಾಠಿ ಕರೀಮ ಮತ್ತು ಅವನ ತಾಯಿ ನಮ್ಮ ಒಳಕೋಣೆಯಲ್ಲಿ ಅಡಗಿದ್ದರು. ಕಿಟಕಿಯಿಲ್ಲದ ಕೋಣೆ; ಮಣ್ಣಿನ ಮಾಳಿಗೆಯಲ್ಲೊಂದು ಬೆಳಕಿಂಡಿ. ಓಣಿಯ ಮಾಳಿಗೆಗಳೆಲ್ಲ ಕೂಡಿಕೊಂಡಿದ್ದವು. ಯಾರಾದರೂ ನಡೆದುಬಂದು ಇಣುಕಿದರೆ? ನಾನು ಮೇಲೇರಿ ಚಪ್ಪಟೆ ಫರಸಿ ಕಲ್ಲಿನಿಂದ ಬೆಳಕಿಂಡಿ ಮುಚ್ಚುತ್ತಿದ್ದೆ. ಕೆಳಗಿಳಿಯುವಷ್ಟರಲ್ಲಿ ಕರೀಮ ಬಿದಿರುಕೋಲಿನಿಂದ ಅದನ್ನು ನಾಲ್ಕು ಬೆರಳು ಸರಿಸಿರುತ್ತಿದ್ದ.

"ಮುಚ್ಚೋಲೇ, ಯಾರರೆ ನೋಡ್ಯಾರು!"

"ಅಮ್ಮಿ ಬ್ಯಾಳ್ಯಾಗಿನ ಕಲ್ಲ ಆರಸಲತ್ತಾಳ. ಕಲ್ಲ ತಿನಬೇಕಂತಿ ಏನು?"

ಹನ್ನೊಂದು ದಿನ ನಾನು ಮುಚ್ಚಿದೆ, ಅವನು ಸರಿಸಿದ.

ಆಮೇಲೆ ಅವನು ಹೈದರಾಬಾದಿನ ಸ್ಟುಡಿಯೋದಲ್ಲಿ ಫೋಟೋ ತೊಳೆದ, ಮುಂಬಯಿಯಲ್ಲಿ ಯಾರದೋ ಕ್ಯಾಮೆರಾ ಹೊತ್ತ, ಕೊನೆಗೆ ಹಾಡು-ಕುಣಿತವಿಲ್ಲದ ಸಿನಿಮಾಗಳಿಗೆ ತಾನೇ ಕ್ಯಾಮೆರಾ ಹಿಡಿಯತೊಡಗಿದ. ನಾನು ಗುಮಾಸ್ತನಾದೆ. ನಾನೂ ಒಂದು ಕ್ಯಾಮೆರಾ ಕೊಂಡೆ. ನಮ್ಮ ಬಳಗದಲ್ಲಿ ಪೂರ್ತಿ ತಲೆಯಿರುವ ಫೋಟೋ ಇನ್ನೂ ಒಬ್ಬರಿಗೂ ಸಿಕ್ಕಿಲ್ಲ. ಅವನ ಒಂದು ಸಿನಿಮಾವನ್ನೂ ನಾನು ನೋಡಲಿಲ್ಲ. ಕೇಳಿದವರಿಗೆಲ್ಲ ತಲೆನೋವು ಎನ್ನುತ್ತಿದ್ದೆ.

ನಿನ್ನೆ ಕರೀಮ ಬೀದರಿಗೆ ಬಂದವನು ನನ್ನ ಮನೆಗೂ ಬಂದ. ನಾಳೆ ಇಲ್ಲಿ ಅವನ ಸಿನಿಮಾ ಇದೆ. ಚಹಾ ಮುಗಿಯುವವರೆಗೂ ತಡೆಯಲಾಗಲಿಲ್ಲ.

"ಪೇಪರ್‌ನ್ಯಾಗ ನಮ್ಮ ಮನಿ ಸುದ್ದಿ ಯಾಕ ಹೇಳಿಲ್ಲಲೇ? ಆ ಬೆಳಕು ನಮ್ದು."

"ನಿಮ್ದೇ ಯಾರ್. ಖರೆ, ನಿನ್ನ ಹೆಸರ ಹೇಳಿದ್ರ ನೀ ದಿನಾ ಮುಚ್ಚತಿದ್ದಿ ಅಂತನೂ ಹೇಳಬೇಕಾಗ್ತದ." ನಕ್ಕ. ಆಮೇಲೆ ಚಹಾದ ಬಸಿಯನ್ನು ಕೆಳಗಿಟ್ಟ. "ಕಲ್ಲ ಪೂರಾ ತಗದಿದ್ರ ಬರೇ ಬಿಸಲು ಬೀಳ್ತಿತ್ತು. ನೀ ಹೆದರಿ ಮುಚ್ಚಿದಿ, ಅದಕ್ಕೇ ಗೆರಿ ಆತು. ಇವತ್ತಿಗೂ ನಾ ಮದ್ಲ ನಿನ್ನಂಗ ಎಲ್ಲಾ ಮುಚ್ಚತೀನಿ. ಆಮ್ಯಾಲ ಅಮ್ಮಿ ಮಾರಿ ಕಾಣೋವಷ್ಟೇ ತಗೀತೀನಿ."

ಬದುಕಿಡೀ ಹೆದರಿ ನನಗೆ ಸಿಕ್ಕಿದ್ದು ನಿದ್ದೆಗೇಡು ಮಾತ್ರ. ಅದೇ ಹೆದರಿಕೆಯಿಂದ ಇವನು ಹೆಸರು ಮಾಡಿದ. ಉರಿ ಇಳಿಯಲಿಲ್ಲ, ಹೊಟ್ಟೆಯಿಂದ ಎದೆಗೆ ಜಾಗ ಬದಲಿಸಿತು. ಅವನ ತಾಯಿ ಮರುವರ್ಷವೇ ತೀರಿಕೊಂಡರು. ಅವರ ಮುಖವನ್ನು ನೆನೆಯಲು ನೋಡಿದೆ, ಬರಲಿಲ್ಲ. ಹನ್ನೊಂದು ದಿನವೂ ನನ್ನ ಕಣ್ಣು ಇದ್ದದ್ದು ಸುತ್ತಲಿನ ಮಾಳಿಗೆಗಳ ಮೇಲೆ.

ನಾಳೆ ಬೇಗ ಹೋಗಿ ಮುಂದಿನ ಸಾಲಿನಲ್ಲಿ ಕೂತು ಆ ಗೆರೆ ಬೆಳಕಿನ ಮುಖ ನೋಡಬೇಕು. ಆ ತಾಯಿಯನ್ನು ನಾನಿನ್ನೂ ಸರಿಯಾಗಿ ನೋಡಿಲ್ಲ.