ಬಂದೂಕಿನ ಪದ

ಏಕಸಂಬಿಯ ಸಕ್ಕುಬಾಯಿ ತಾನೇ ಕಟ್ಟಿ ಹಾಡುತ್ತಿದ್ದ ಬಂದೂಕಿನ ಪದಕ್ಕೆ ಹನ್ನೆರಡು ವರ್ಷ ಢೋಲಕಿ ಬಾರಿಸಿದವನು ಮುರಗೆಪ್ಪ. ಮದುವೆಯೊಂದರಲ್ಲಿ ಯಾರೋ ಖುಷಿಗೆಂದು ಹಾರಿಸಿದ ಗುಂಡು ಅವಳ ಗಂಡನ ಎದೆಗೆ ಬಿದ್ದಿತ್ತು. ಆ ಸಾವನ್ನೇ ಹಾಡುವ ಪದದಲ್ಲಿ ಅವನು ಬರೀ ‘ನಮ್ಮವರು’. ಗಂಡನ ಹೆಸರನ್ನು ಹೆಂಡತಿ ಬಾಯಿಬಿಟ್ಟು ಹೇಳುವ ರೂಢಿ ಆ ಸೀಮೆಯಲ್ಲಿರಲಿಲ್ಲ. ಅವನು ಸತ್ತ ಮೇಲೂ ಇಲ್ಲ.

ತೊಂಬತ್ತೊಂದರ ಬೇಸಿಗೆಯಲ್ಲಿ ಅವರ ಮೇಳ ಕಬ್ಬೂರಿನ ಮದುವೆಯೊಂದಕ್ಕೆ ಹೋಗಿತ್ತು. ವಧೂವರರ ತಲೆಯ ಮೇಲೆ ಅಕ್ಕಿಕಾಳು ಬಿದ್ದದ್ದೇ ತಡ, ಗುಂಡು ಹಾರದಿದ್ದರೆ ಮದುವೆಯೇ ಆಗದೇನೋ ಎಂಬಂತೆ ವರನ ಸೋದರಮಾವ ಬಂದೂಕು ಮೇಲೆತ್ತಿದ. ಸಕ್ಕುಬಾಯಿ ಆ ಪದವನ್ನೇ ಎತ್ತಿಕೊಂಡಳು.

ಅವನು ನಕ್ಕ. “ಮದವ್ಯಾಗ ಇದ್ಯಾವ ಪದಾ ಬೇ? ಸತ್ತಾಂವ ಯಾರಂವ?”

ಅವಳು ತಾಳ ಕೆಳಗಿಟ್ಟಳು.

“ಲಗಮಣ್ಣ,” ಅಂದಳು. “ನನ್ನ ಗಂಡ ಲಗಮಣ್ಣ.”

ಚಪ್ಪರದ ಮುದುಕಿಯರು ಸೆರಗನ್ನು ಬಾಯಿಗೊತ್ತಿಕೊಂಡರು. ಸೋದರಮಾವ ಬಂದೂಕಿನಿಂದ ತೋಟಾ ಹೊರತೆಗೆದು ಕಿಸೆಗೆ ಹಾಕಿಕೊಂಡ. ಸಾವಿರ ಪದಕ್ಕೆ ಬಾರಿಸಿದ್ದ ಮುರಗೆಪ್ಪನ ಕೈಗೆ, ಆ ಒಂದು ಹೆಸರಿಗೆ ಏನು ಬಾರಿಸಬೇಕೆಂದು ತಿಳಿಯಲಿಲ್ಲ.

“ಬಾರ್ಸು ಮುರಗೆಪ್ಪಾ,” ಅಂದಳು ಸಕ್ಕುಬಾಯಿ. “ಮದವಿ ನಡೀಲಿ.”